ಕೋಲುಮಂಡೆಯ ಹಾಡು ಮತ್ತು ಪರಪುರಪ್ರವೇಶ

ಗುಂಡ್ಲುಪೇಟೆ ಸೀಮೆಯ ಭೀಮನಬೀಡು ಮೊದಲಾದ ಗ್ರಾಮಗಳ ಜನರಿಗೆ ಮಲೆಯ ಮಹದೇಶ್ವರನು ಗ್ರಂಥದಿಂದ ತಿಳಿದ ದೈವವಲ್ಲ. ಕಿವಿಯಿಂದ ತಿಳಿದ ದೈವ. ಎಡಗೈಯ ಬಟ್ಟಲಿಗೆ ಬಲಗೈಯ ತಾಳವನ್ನು ತಾಗಿಸುತ್ತ ದೇವರಗುಡ್ಡರು ಹಾಡಿದ ಪದವೇ ಈ ಸೀಮೆಯವರಿಗೆ ಪುರಾಣ. ಅಂತಹ ಪದಗಳಲ್ಲಿ ‘ಕೋಲುಮಂಡೆ ಜಂಗಮದೇವ’ನ ಹಾಡಿಗೆ ಬಂದ ಭಾಗ್ಯ ವಿಚಿತ್ರವಾದುದು. ಅಜ್ಜನು ಅದನ್ನು ಕಂಸಾಳೆಯ ಮೇಳದಲ್ಲಿ ಕೇಳಿದನು. ಮಗನು ಚಲಚ್ಚಿತ್ರದಲ್ಲಿ ಕೇಳಿದನು. ಮೊಮ್ಮಗನು ಮೊಬೈಲಿನಲ್ಲಿ ರ್ಯಾಪಿನ ಲಯದೊಡನೆ ಕೇಳಿದನು. ಮೂವರೂ ಕೇಳಿದುದು ಒಂದೇ ಹಾಡೇ ಎಂಬುದು ವಿಚಾರಾರ್ಹವಾದ ಪ್ರಶ್ನೆ.

ಒಂದು ಕೃತಿಯಂತೆ ಮತ್ತೊಂದು ತೋರುವುದರ ವಿಷಯವನ್ನು ಅಲಂಕಾರಿಕರು ಹಿಂದೆಯೇ ವಿವೇಚಿಸಿರುವರು. ಆನಂದವರ್ಧನನು ಧ್ವನ್ಯಾಲೋಕದ ನಾಲ್ಕನೆಯ ಉದ್ದ್ಯೋತದಲ್ಲಿ ಇಂತಹ ಸಂವಾದವನ್ನು ಪ್ರತಿಬಿಂಬದಂತಹುದು, ಚಿತ್ರಪಟದಂತಹುದು, ಸಮಾನರೂಪದ ಇಬ್ಬರು ದೇಹಿಗಳಂತಹುದು ಎಂದು ಮೂರು ವಿಧವಾಗಿ ವಿಂಗಡಿಸಿ, ಮೊದಲೆರಡು ತ್ಯಾಜ್ಯವೆಂದೂ ಮೂರನೆಯದು ಗ್ರಾಹ್ಯವೆಂದೂ ನಿರ್ಣಯಿಸಿದನು. ರಾಜಶೇಖರನು ಕಾವ್ಯಮೀಮಾಂಸೆಯಲ್ಲಿ ಇವುಗಳಿಗೆ ‘ಪರಪುರಪ್ರವೇಶ’ವೆಂಬ ನಾಲ್ಕನೆಯದನ್ನು ಕೂಡಿಸಿದನು. ಮೂಲವು ಒಂದೇ ಆಗಿದ್ದು, ಪರಿಕರವೆಲ್ಲವೂ ಬಹುದೂರ ಬೇರೆಯಾಗಿರುವುದೇ ಅದರ ಲಕ್ಷಣ.

ಈ ಅಳತೆಗೋಲನ್ನು ಪ್ರಸ್ತುತ ಹಾಡಿಗೆ ಹಿಡಿದಾಗ ಮೊದಲ ಹೆಜ್ಜೆಯಲ್ಲಿಯೇ ಶಾಸ್ತ್ರಕ್ಕೆ ಒಂದು ತಿದ್ದುಪಡಿ ಬೇಕಾಗುವುದು. ಕವಿಗೆ ಪ್ರತಿಬಿಂಬವು ದೋಷ. ಗುರುಮುಖದಿಂದ ಕಲಿತು ಹಾಡುವ ದೇವರಗುಡ್ಡನಿಗೆ ಅದೇ ವ್ರತ. ಅವನು ಹೊಸದನ್ನು ಹೇಳಲು ಹಾಡುವವನಲ್ಲ. ಕೇಳಿದ್ದನ್ನು ಕಳೆಯದೆ ದಾಟಿಸಲು ಹಾಡುವವನು. ಹೆಬ್ಬಣಿ ಮಾದಯ್ಯ ಮತ್ತು ಸಂಗಡಿಗರು ಹಾಡಿದ ಮಹದೇಶ್ವರ ಕಾವ್ಯವನ್ನು ಕೇಶವನ್ ಪ್ರಸಾದರು ಸಂಗ್ರಹಿಸಿದುದರಿಂದ, ಆ ದಾಟಿಸುವಿಕೆ ಎಷ್ಟು ವಿಸ್ತಾರವಾದುದೆಂಬುದು ಓದುವವರಿಗೂ ಗೋಚರವಾಯಿತು.

ಎರಡನೆಯ ರೂಪ 1996ರದು. ಟಿ. ಎಸ್. ನಾಗಾಭರಣರು ನಿರ್ದೇಶಿಸಿದ ‘ಜನುಮದ ಜೋಡಿ’ ಚಿತ್ರಕ್ಕೆ ವಿ. ಮನೋಹರರು ಸಂಗೀತವನ್ನು ಒದಗಿಸಿದರು. ಕೋಲುಮಂಡೆಯ ಹಾಡನ್ನು ಹಾಡಿದ ಎಲ್. ಎನ್. ಶಾಸ್ತ್ರಿಯವರಿಗೆ ಅದಕ್ಕಾಗಿ ರಾಜ್ಯ ಚಲನಚಿತ್ರ ಪ್ರಶಸ್ತಿಯೂ ಲಭಿಸಿತು. ಚಿತ್ರದ ಕಥೆಯಾದರೋ ಪನ್ನಾಲಾಲ್ ಪಟೇಲರ ಗುಜರಾತಿ ಕಾದಂಬರಿಯಿಂದ ಬಂದುದು. ಹೀಗೆ ಗುಜರಾತಿನ ಪ್ರೇಮಕಥೆಯೊಳಗೆ ಮಾದಪ್ಪನ ಪದವು ಸೇರಿತು. ರಾತ್ರಿಯುದ್ದಕ್ಕೂ ಬೆಳೆಯಬಲ್ಲ ಹಾಡು ಕೆಲವೇ ನಿಮಿಷಗಳಿಗೆ ಕುಗ್ಗಿತು. ಆದರೆ ಜಂಗಮನ ಗಾಂಭೀರ್ಯ ಕುಗ್ಗಲಿಲ್ಲ. ಇದನ್ನು ಆಲೇಖ್ಯವೆನ್ನಬಹುದು: ಚಿತ್ರಪಟವು ಉಸಿರಾಡದು, ಆದರೂ ಮುಖದ ಗುರುತು ತಪ್ಪದು.

ಮೂರನೆಯ ರೂಪ 2020ರ ಆಗಸ್ಟಿನಲ್ಲಿ ಹೊರಬಂದಿತು. ಚಂದನ್ ಶೆಟ್ಟಿಯವರು ಹಳೆಯ ಪಲ್ಲವಿಗೆ ರ್ಯಾಪನ್ನು ಜೋಡಿಸಿ, ದೃಶ್ಯಸಹಿತವಾಗಿ ಪ್ರಕಟಿಸಿದರು. ಮೂಲ ಒಂದೇ, ಪರಿಕರ ಬಹುದೂರ. ಇದು ಸಾಕ್ಷಾತ್ ಪರಪುರಪ್ರವೇಶ. ದೃಶ್ಯದಲ್ಲಿ ಶರಣೆ ಸಂಕಮ್ಮನನ್ನು ತೋರಿಸಿದ ರೀತಿ ಅಶ್ಲೀಲವೆಂದು ಮಹದೇಶ್ವರನ ಭಕ್ತರು ಆಕ್ಷೇಪಿಸಿದರು; ಗಾಯಕರು ಕ್ಷಮೆ ಯಾಚಿಸಿದರು.

ವಿವಾದವು ಅಲ್ಲಿಗೆ ಶಮನಗೊಂಡರೂ ವಿಮರ್ಶೆಯ ಕಾರ್ಯ ಅಲ್ಲಿಂದಲೇ ಆರಂಭವಾಗತಕ್ಕದ್ದು. ದೋಷವು ಎಲ್ಲಿತ್ತು? ಲಯದಲ್ಲಿ ಎನ್ನುವವರುಂಟು. ಅದು ಸಲ್ಲದು. ಬೀಸು ಕಂಸಾಳೆಯ ವೇಗವನ್ನು ಕಂಡವರು, ವೇಗವೇ ಭಕ್ತಿಗೆ ವಿರೋಧಿಯೆಂದು ಹೇಳಲಾರರು. ಪರದೇಶದ ಧಾಟಿಯೆಂಬುದೂ ಕಾರಣವಲ್ಲ. 2021ರ ‘ಗರುಡ ಗಮನ ವೃಷಭ ವಾಹನ’ ಚಿತ್ರದಲ್ಲಿ ಮಿಥುನ್ ಮುಕುಂದನ್ ಅವರ ಸಂಗೀತದೊಡನೆ ಚೈತ್ರಾ ಆಚಾರ್ ಹಾಡಿದ ‘ಸೋಜುಗಾದ ಸೂಜುಮಲ್ಲಿಗೆ’ಯನ್ನು ನೋಡಬೇಕು. ಮಾದಪ್ಪನ ಪದವು ಅಲ್ಲಿ ಮಂಗಳೂರಿನ ರಕ್ತಪಾತದ ಕಥೆಯೊಳಗೆ ಹೊಕ್ಕಿದೆ. ಇದಕ್ಕಿಂತ ದೂರದ ಪರಿಕರ ಯಾವುದು? ಆದರೂ ಹಾಡು ಪ್ರಾರ್ಥನೆಯಾಗಿಯೇ ಉಳಿಯಿತು. ಕಥಾನಾಯಕನ ಹೆಸರು ಶಿವನೆಂಬುದೂ ಅದಕ್ಕೆ ಒದಗಿಬಂದಿತು.

ದೋಷವಿದ್ದುದು ಸಂಕಮ್ಮನ ಪ್ರಕೃತಿಯನ್ನು ಅರಿಯದುದರಲ್ಲಿ. ಅವಳು ಯಾರು? ಕಾಡಿಗೆ ಹೊರಟ ಪತಿ ನೀಲೇಗೌಡನು ಶೀಲದ ವಿಷಯದಲ್ಲಿ ಭಾಷೆಯನ್ನು ಕೇಳಿದಾಗ ಕೊಡಲೊಪ್ಪದವಳು. ಅದಕ್ಕಾಗಿ ಹಿಂಸೆಯನ್ನನುಭವಿಸಿ, ಕಾಡಿನ ಗುಡಿಸಲಿನಲ್ಲಿ ಬಂಧನಕ್ಕೊಳಗಾದವಳು. ಜಂಗಮನಾಗಿ ಬಂದ ಮಾದಪ್ಪನಿಂದ ಬಿಡುಗಡೆಯನ್ನೂ, ಕಾರಯ್ಯ ಬಿಲ್ಲಯ್ಯರೆಂಬ ಮಕ್ಕಳ ವರವನ್ನೂ ಪಡೆದವಳು. ಸಂಶಯದ ಕಣ್ಣಿನಿಂದ ಒಮ್ಮೆ ನೊಂದ ಆ ಹೆಂಗಸನ್ನು ಭೋಗದ ಕಣ್ಣಿಗೆ ಮತ್ತೊಮ್ಮೆ ಒಡ್ಡಿದರೆ ಜಂಗಮನು ಬಿಚ್ಚಿದ ಕಟ್ಟನ್ನು ಪುನಃ ಬಿಗಿದಂತಾಗುವುದು. ಅನೌಚಿತ್ಯಕ್ಕಿಂತ ಬೇರೆ ರಸಭಂಗಕಾರಣವಿಲ್ಲವೆಂಬ ಸಿದ್ಧಾಂತಕ್ಕೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ದುರ್ಲಭ.

ಆದರೆ ಹೊಣೆಯನ್ನೆಲ್ಲ ಹೊಸ ಗಾಯಕನ ಮೇಲೆಯೇ ಹೊರಿಸುವುದು ನ್ಯಾಯವಲ್ಲ. ಪಲ್ಲವಿಯನ್ನು ಬಲ್ಲ ಮನೆಗಳಲ್ಲಿ ಸಂಕಮ್ಮನ ಸಾಲನ್ನು ಬಲ್ಲವರು ಎಷ್ಟು ಮಂದಿ? ಕಥೆಯು ಕಳಚಿಹೋಗಿ ಧಾಟಿಯೊಂದೇ ನಾಲಗೆಯ ಮೇಲೆ ಉಳಿದ ಹಾಡು, ಬಾಗಿಲಿಲ್ಲದ ಮನೆಯಂತೆ. ಅದರೊಳಗೆ ಯಾರು ಹೇಗೆ ಪ್ರವೇಶಿಸಿದರೂ ತಡೆಯುವವರಿಲ್ಲ. ಆದುದರಿಂದ ಪರಪುರಪ್ರವೇಶವನ್ನು ನಿಷೇಧಿಸುವುದಕ್ಕಿಂತ ಪುರದ ಒಡತಿಯನ್ನು ಪರಿಚಯಿಸುವುದು ಮೇಲು. ಮಕ್ಕಳು ಮೊಬೈಲಿನಲ್ಲಿ ಯಾವ ರೂಪವನ್ನೇ ಕೇಳಲಿ, ಸಂಕಮ್ಮನ ಕಥೆಯನ್ನು ಹಿರಿಯರ ಬಾಯಿಂದ ಮೊದಲು ಕೇಳಿದ್ದರೆ, ಯಾವುದು ಮುಖ, ಯಾವುದು ಮುಖವಾಡ ಎಂಬುದನ್ನು ಅವರೇ ಗುರುತಿಸುವರು.