ನಾಯಕನ ಹಿಂದೆ ಯಾರಿದ್ದಾರೆ?

ಧಾರಾವಾಹಿಯ ನಿರ್ದೇಶಕನ ಕಸುಬು ಅಳೆಯಬೇಕಾದರೆ ನಾಯಕನ ಮುಖ ಬಿಟ್ಟು ಅವನ ಹಿಂದಿನ ಬೀದಿ ನೋಡಬೇಕು. ಅಲ್ಲಿ ಹೋಗುವ ಜನಕ್ಕೆ ಅವರವರ ಕೆಲಸವಿದೆಯೇ, ಇಲ್ಲ ‘ನಡೀರಿ’ ಅಂದದ್ದಕ್ಕೆ ನಡೆದಿದ್ದಾರೆಯೇ? ಈ ಪರೀಕ್ಷೆಯಲ್ಲಿ ನಮ್ಮ ಶಂಕರ್ ನಾಗ್‌ಗೆ ಇಂದಿಗೂ ಮೊದಲ ರ‍್ಯಾಂಕು.

1986ರಲ್ಲಿ ದೂರದರ್ಶನದಲ್ಲಿ ‘ಮಾಲ್ಗುಡಿ ಡೇಸ್’ ಶುರುವಾದಾಗ ಅವರಿಗಿನ್ನೂ 32 ತುಂಬಿರಲಿಲ್ಲ. ಅಷ್ಟರಲ್ಲೇ ‘ಮಿಂಚಿನ ಓಟ’, ‘ಆಕ್ಸಿಡೆಂಟ್’ನಂಥ ಚಿತ್ರ ನಿರ್ದೇಶಿಸಿದ್ದರು. ಹುಟ್ಟಿದ್ದು ಹೊನ್ನಾವರದಲ್ಲಾದರೂ ನಾಟಕದ ಹುಚ್ಚು ಹಿಡಿದದ್ದು ಮುಂಬೈಯ ಮರಾಠಿ ರಂಗಭೂಮಿಯಲ್ಲಿ. ಚಾಪೇಕರ್ ಸಹೋದರರ ಕುರಿತ ‘22 ಜೂನ್ 1897’ ಎಂಬ ಮರಾಠಿ ಚಿತ್ರದ ಬರವಣಿಗೆಯಲ್ಲೂ ಅವರ ಪಾಲಿದೆ. ಮನೆಯಲ್ಲಿ ಕನ್ನಡ, ಸಂತೆಯಲ್ಲಿ ಮರಾಠಿ, ಬಸ್‌ಸ್ಟ್ಯಾಂಡಿನಲ್ಲಿ ದಖನಿ ಎಂದು ಬದುಕುವ ಭಾಲ್ಕಿ, ಔರಾದ್ ಕಡೆಯವರಿಗೆ ಇಂಥವರು ಪರಕೀಯರಲ್ಲ. ಆರ್.ಕೆ. ನಾರಾಯಣ್ ಇಂಗ್ಲಿಷಿನಲ್ಲಿ ಬರೆದ ಊರನ್ನು ಕನ್ನಡದ ನಿರ್ದೇಶಕ ಹಿಂದಿಯಲ್ಲಿ ತೋರಿಸಿದರೆ ಬೀದರಿನವರಿಗೆ ದುಭಾಷಿ ಬೇಕೇ?

ನಿರ್ಮಾಪಕ ಟಿ.ಎಸ್. ನರಸಿಂಹನ್. ಚಿತ್ರೀಕರಣ ಬಹುಪಾಲು ಆಗುಂಬೆಯಲ್ಲಿ. ಕಲಾ ನಿರ್ದೇಶಕ ಜಾನ್ ದೇವರಾಜ್ ಆ ಊರಿನ ನಡುಬೀದಿಯಲ್ಲೇ ಬ್ರಿಟಿಷ್ ದೊರೆಯ ಪ್ರತಿಮೆ ನಿಲ್ಲಿಸಿದರು. ಆರ್.ಕೆ. ಲಕ್ಷ್ಮಣ್ ಅವರ ಗೆರೆ, ಎಲ್. ವೈದ್ಯನಾಥನ್ ಅವರ ಸಂಗೀತ ಸೇರಿ, ಇಲ್ಲದ ಊರಿಗೆ ವಿಳಾಸ ಸಿಕ್ಕಿತು. ಶಂಕರ್ ನಿರ್ದೇಶಿಸಿದ್ದು 39 ಕಂತು.

ಒಂದು ಕಂತು ನೆನಪಿಸಿಕೊಳ್ಳಿ. ಹುಲಿಯೊಡನೆ ಹೋರಾಡಿದ ಹುಡುಗನ ಸುದ್ದಿ ಓದಿದ ಅಪ್ಪ, ಧೈರ್ಯವಿದ್ದರೆ ಒಬ್ಬನೇ ಮಲಗು ಎಂದು ಸ್ವಾಮಿಗೆ ಸವಾಲು ಹಾಕುತ್ತಾನೆ. ಅಪ್ಪ ಗಿರೀಶ್ ಕಾರ್ನಾಡ್, ಮಗ ಮಾಸ್ಟರ್ ಮಂಜುನಾಥ್. ಕಾರ್ನಾಡರು ಗದರುವುದೂ ಇಲ್ಲ, ಮುದ್ದಿಸುವುದೂ ಇಲ್ಲ. ಹುಡುಗನ ಜೀವ ಬಾಯಿಗೆ ಬಂದಿರುತ್ತದೆ. ಆ ರಾತ್ರಿ ಹೆದರಿದ ಸ್ವಾಮಿ ಕಳ್ಳನ ಕಾಲನ್ನೇ ಕಚ್ಚುತ್ತಾನೆ! ಬೆಳಗಾದರೆ ಊರಿಗೇ ಹೀರೋ. ಅಂಜಿಕೆಯೇ ಶೌರ್ಯವೆನಿಸಿಕೊಳ್ಳುವ ಈ ತಮಾಷೆಯನ್ನು ಶಂಕರ್ ಎಲ್ಲೂ ಒತ್ತಿ ಹೇಳುವುದಿಲ್ಲ. ನೋಡುವವನ ಬುದ್ಧಿಯ ಮೇಲೆ ಅವರಿಗಿದ್ದ ಭರವಸೆ ಅದು.

ಅಂಥ ಭರವಸೆ ಇಂದಿನ ದೈನಿಕ ಧಾರಾವಾಹಿಯಲ್ಲಿ ಕಡಿಮೆ. ಅತ್ತೆ ಹುಬ್ಬೇರಿಸಿದರೆ ಮೂರು ಸಲ ತೋರಿಸುತ್ತಾರೆ, ಮೂರು ಸಲವೂ ಗುಡುಗು. ದಿನಕ್ಕೊಂದು ಕಂತು ಮುಗಿಸುವ ಧಾವಂತದಲ್ಲಿ ಬೀದಿಗಿಳಿಯಲು ಪುರುಸೊತ್ತೆಲ್ಲಿ? ಹಾಗಾಗಿ ಎಲ್ಲ ಕಥೆಯೂ ಒಂದೇ ಹಾಲಿನಲ್ಲಿ, ಒಂದೇ ಸೋಫಾದ ಸುತ್ತ. ಬೀದರಿನ ಚೌಬಾರದ ಸುತ್ತಲಿನ ಗದ್ದಲ, ಭಾಲ್ಕಿ ಸ್ಟೇಷನ್ನಿನಲ್ಲಿ ಉದಗೀರ್ ಕಡೆಯ ಗಾಡಿಗೆ ಕಾಯುವ ಮಂದಿ, ಔರಾದಿನ ಅಮರೇಶ್ವರ ಜಾತ್ರೆ: ಇವುಗಳಲ್ಲಿ ಕಥೆಗೇನು ಬರವಿಲ್ಲ. ನಿಂತು ನೋಡುವ ನಿರ್ದೇಶಕ ಬೇಕು.

1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಬಳಿಯ ಅಪಘಾತದಲ್ಲಿ ಶಂಕರ್ ಹೋದರು, ವಯಸ್ಸು 35. ಅಭಿಮಾನಿಗಳು ಆಟೋ ಹಿಂದೆ ಬರೆಸಿಕೊಂಡದ್ದು ‘ಆಟೋ ರಾಜ’ನನ್ನು. ನನ್ನ ಲೆಕ್ಕದಲ್ಲಿ ಅವರ ದೊಡ್ಡ ಕೆಲಸ ಕಿರುತೆರೆಯದು. ಒಪ್ಪದವರು ಈ ವಾರ ‘ಮಾಲ್ಗುಡಿ’ಯ ಒಂದು ಕಂತು, ಇಂದಿನ ಧಾರಾವಾಹಿಯ ಒಂದು ಕಂತು, ಎರಡನ್ನೂ ಧ್ವನಿ ಬಂದ್ ಮಾಡಿ ನೋಡಲಿ. ಮಾತಿಲ್ಲದೆಯೂ ಕಥೆ ತಿಳಿದರೆ ಅಲ್ಲೊಬ್ಬ ನಿರ್ದೇಶಕ ಇದ್ದಾನೆ ಎಂದರ್ಥ.