ಎಚ್.ಎಲ್.ಎನ್. ಸಿಂಹ: ರಂಗದಿಂದ ಬೆಳ್ಳಿತೆರೆಗೆ

ಚಿತ್ರವೊಂದನ್ನು ಅದರ ನಾಯಕನ ಹೆಸರಿನಿಂದ ಗುರುತಿಸುವುದು ಪ್ರೇಕ್ಷಕರಿಗೆ ಸಹಜವಾದರೂ, ಆ ನಾಯಕನನ್ನು ಮೊದಲು ಗುರುತಿಸಿದವರು ಯಾರೆಂದು ವಿಚಾರಿಸುವುದು ರಸಿಕನಾದವನ ಕರ್ತವ್ಯ. ‘ಬೇಡರ ಕಣ್ಣಪ್ಪ’ ಎಂದೊಡನೆ ನಮಗೆಲ್ಲ ರಾಜಕುಮಾರರ ಮುಖವೇ ನೆನಪಿಗೆ ಬರುತ್ತದೆ. ಗುಬ್ಬಿ ಕಂಪನಿಯ ಮುತ್ತುರಾಜನಿಗೆ ನಾಯಕಪಾತ್ರದೊಡನೆ ಆ ಹೆಸರನ್ನೂ ಕೊಟ್ಟ ಎಚ್.ಎಲ್.ಎನ್. ಸಿಂಹರು ಮಾತ್ರ ಮರೆಯಲ್ಲಿಯೇ ಉಳಿದಿದ್ದಾರೆ.

ಸಿಂಹರು ನಟರು, ನಾಟಕಕಾರರು, ಅನಂತರ ನಿರ್ದೇಶಕರು; ಅವರ ಚಿತ್ರಗಳ ಗುಣವನ್ನು ತಿಳಿಯಬೇಕಾದರೆ ಈ ಅನುಕ್ರಮವನ್ನು ಮರೆಯಲಾಗದು. ಮಹಮ್ಮದ್ ಪೀರ್ ಅವರ ಚಂದ್ರಕಲಾ ನಾಟಕ ಮಂಡಳಿಯು ಆಡುತ್ತಿದ್ದ ತಮ್ಮ ‘ಸಂಸಾರ ನೌಕೆ’ಯನ್ನು ಅವರು 1936ರಲ್ಲಿ ತೆರೆಗೆ ತಂದರು. ಕನ್ನಡ ವಾಕ್ಚಿತ್ರವು ಹುಟ್ಟಿ ಎರಡೇ ವರ್ಷವಾಗಿದ್ದು, ಪುರಾಣಕಥೆಯಲ್ಲದೆ ಅನ್ಯಗತಿಯಿಲ್ಲವೆಂದು ನಿರ್ಮಾಪಕರು ಭಾವಿಸಿದ್ದ ಆ ಕಾಲದಲ್ಲಿ, ಬಿ.ಆರ್. ಪಂತುಲು ಮತ್ತು ಎಂ.ವಿ. ರಾಜಮ್ಮನವರನ್ನು ಮುಂದಿಟ್ಟುಕೊಂಡು ನಮ್ಮಂಥವರ ಮನೆಯ ಕಥೆಯನ್ನೇ ಹೇಳಿದ ಅವರ ಧೈರ್ಯವು ಸಾಮಾನ್ಯವಾದುದಲ್ಲ. ಕನ್ನಡದ ಮೊದಲ ಸಾಮಾಜಿಕ ಚಿತ್ರವೆಂಬ ಕೀರ್ತಿ ಅದಕ್ಕೆ ಸಂದಿತು.

1954ರ ‘ಬೇಡರ ಕಣ್ಣಪ್ಪ’ದ ವಸ್ತು ಪುರಾತನವಾದುದು, ಆದರೆ ಅದರ ಕಠಿನಸ್ಥಾನವೊಂದನ್ನು ಗಮನಿಸಬೇಕು. ಒಂದು ಕಣ್ಣನ್ನು ಕಿತ್ತು ಶಿವನಿಗೆ ಅರ್ಪಿಸಿದ ಬೇಡನು, ಎರಡನೆಯದನ್ನೂ ಕಿತ್ತ ಮೇಲೆ ಕಾಣದೆಂದು, ನೆತ್ತರು ಸುರಿಯುವ ಶಿವನ ಕಣ್ಣಿನ ಮೇಲೆ ಗುರುತಿಗಾಗಿ ತನ್ನ ಕಾಲನ್ನಿಡುತ್ತಾನೆ. ಲಿಂಗದ ಮೇಲೆ ಪಾದ! ನೋಡುವವರಿಗೆ ಅಪಚಾರವೆನಿಸಬೇಕಾದ ಈ ಭಂಗಿಯು ಭಕ್ತಿಯ ಪರಾಕಾಷ್ಠೆಯಾಗಿ ತೋರಬೇಕಾದರೆ, ಅದುವರೆಗಿನ ಕಥೆಯೆಲ್ಲವೂ ಬೇಡನ ಮುಗ್ಧತೆಯನ್ನು ಸಂದೇಹಕ್ಕೆಡೆಯಿಲ್ಲದಂತೆ ಸ್ಥಾಪಿಸಿರಬೇಕು. ನಟನ ಮುಖದಲ್ಲಿ ಲೇಶವಾದರೂ ಆಡಂಬರವಿರಕೂಡದು. ಹೆಸರಾಂತ ತಾರೆಯನ್ನು ಬಿಟ್ಟು, ನಾಟಕದ ಶಿಸ್ತಿನಲ್ಲಿ ಪಳಗಿದ ಹೊಸಬನನ್ನು ಸಿಂಹರು ನಂಬಿದುದರ ಔಚಿತ್ಯವು ಇಲ್ಲಿಯೇ ತಿಳಿಯುತ್ತದೆ.

ನಮ್ಮ ಸೀಮೆಯವರಿಗೆ ಈ ಚಿತ್ರದಲ್ಲಿ ಇನ್ನೊಂದು ಆಸ್ಥೆಯೂ ಉಂಟು. 1953ರ ಅಕ್ಟೋಬರಿನಲ್ಲಿ ಬಳ್ಳಾರಿ ಜಿಲ್ಲೆಯು ಒಡೆದು, ಆದವಾನಿ, ಆಲೂರುಗಳೊಡನೆ ನಮ್ಮ ರಾಯದುರ್ಗವೂ ಆಂಧ್ರಕ್ಕೆ ಸೇರಿತಷ್ಟೆ. ಅದರ ಮರುವರ್ಷವೇ ಸಿಂಹರು ಇದೇ ಕಥೆಯನ್ನು, ಇದೇ ರಾಜಕುಮಾರರನ್ನೇ ನಾಯಕನನ್ನಾಗಿಟ್ಟುಕೊಂಡು, ‘ಕಾಳಹಸ್ತಿ ಮಹಾತ್ಮ್ಯಂ’ ಎಂದು ತೆಲುಗಿನಲ್ಲಿಯೂ ನಿರ್ದೇಶಿಸಿಕೊಟ್ಟರು. ಮನೆಯಲ್ಲಿ ಕನ್ನಡವನ್ನೂ ಸಂತೆಯಲ್ಲಿ ತೆಲುಗನ್ನೂ ಆಡುವ, ರಾಯದುರ್ಗ ಸೀಮೆಯ ಕಣೇಕಲ್ಲಿನವರಿಗೆ, ಎರಡು ನುಡಿಗಳಲ್ಲಿ ಒಂದೇ ಭಕ್ತಿಯನ್ನು ಕಾಣಿಸಿದ ಆ ಕೆಲಸದ ಬೆಲೆಯನ್ನು ಬೇರೆಯಾಗಿ ವಿವರಿಸಬೇಕಾಗಿಲ್ಲ.

ಭಕ್ತಿಕಥೆಯಿಂದ ಬಂದ ಯಶಸ್ಸಿಗೆ ಅಂಟಿಕೊಂಡು ಕೂಡುವ ಸ್ವಭಾವವೂ ಅವರದಲ್ಲ. 1959ರಲ್ಲಿ ತಮ್ಮದೇ ನಾಟಕವಾದ ‘ಅಬ್ಬಾ ಆ ಹುಡುಗಿ’ಯನ್ನು ಚಿತ್ರವಾಗಿಸಿ, ಗಂಡಸರನ್ನು ಕಂಡರಾಗದ ಹಟಮಾರಿ ಹೆಣ್ಣಾಗಿ ಮೈನಾವತಿಯವರನ್ನು ನಿಲ್ಲಿಸಿ, ಹಾಸ್ಯದಲ್ಲಿಯೂ ತಮಗೆ ಗತಿಯುಂಟೆಂದು ತೋರಿಸಿದರು. ಮಾತಿಗೆ ಮಾತು ಕೊಡುವ ಆ ಬಿರುಸು ನಾಟಕ ಬರೆದ ಕೈಗಲ್ಲದೆ ಸುಲಭವಾಗಿ ಒಲಿಯುವುದಲ್ಲ.

ಸಿಂಹರು ನಿರ್ದೇಶಿಸಿದ ಚಿತ್ರಗಳು ಹೆಚ್ಚಲ್ಲ. ಆದರೂ ಸಾಮಾಜಿಕ ಚಿತ್ರಕ್ಕೆ ದಾರಿ ತೆರೆದವರು, ಪಂತುಲು, ರಾಜಮ್ಮ, ರಾಜಕುಮಾರರಂಥವರನ್ನು ನಾಡಿಗೆ ಪರಿಚಯಿಸಿದವರು, ಚಿತ್ರಗಳ ಲೆಕ್ಕದಿಂದ ಅಳೆಯತಕ್ಕವರಲ್ಲ. ರಾಜಕುಮಾರರ ಜಯಂತಿಯಂದು ಊರೂರಿನಲ್ಲಿ ‘ಬೇಡರ ಕಣ್ಣಪ್ಪ’ವನ್ನು ಹಾಕಿಸುವ ಅಭಿಮಾನಿಗಳು, ಆ ದಿನ ಸಿಂಹರ ಹೆಸರನ್ನೂ ನಾಲ್ಕು ಜನರ ಮುಂದೆ ಹೇಳಿದರೆ, ಅದು ಉಪಕಾರವಲ್ಲ, ಸಲ್ಲಬೇಕಾದ ಋಣ.