‘ಸಮತಲ ಜಗತ್ತಿ’ನ ವಾದವೂ ಬೆಂಗಳೂರಿನ ತಂತಿಯ ಲೆಕ್ಕವೂ

ಥಾಮಸ್ ಫ್ರೀಡ್‌ಮನ್ ಅವರ ‘ದಿ ವರ್ಲ್ಡ್ ಈಸ್ ಫ್ಲಾಟ್’ 2005ರಲ್ಲಿ ಪ್ರಕಟವಾದ ಗ್ರಂಥ. ಅದರ ಕಥನವು ಆರಂಭವಾಗುವುದು ನಮ್ಮ ನಗರದಲ್ಲಿಯೇ ಆದುದರಿಂದ ಇಲ್ಲಿಯ ವಿದ್ಯಾರ್ಥಿಗಳಿಗೆ ಅದರ ಮೇಲೆ ಒಂದು ಬಗೆಯ ಮಮತೆಯೂ ಉಂಟು. ಇನ್ಫೋಸಿಸ್ ಸಂಸ್ಥೆಯ ನಂದನ್ ನಿಲೇಕಣಿಯವರು ಆಟದ ಬಯಲು ಮಟ್ಟವಾಗುತ್ತಿದೆಯೆಂಬ ಅರ್ಥದಲ್ಲಿ ಆಡಿದ ಮಾತೊಂದರಿಂದ ಗ್ರಂಥಕರ್ತರು ತಮ್ಮ ಸಿದ್ಧಾಂತವನ್ನು ಬೆಳೆಸಿರುತ್ತಾರೆ. 1990ರ ದಶಕದ ಕೊನೆಯಲ್ಲಿ ಷೇರುಪೇಟೆಯ ಉಬ್ಬರಕ್ಕೆ ಸಿಕ್ಕಿದ ಖಾಸಗಿ ಕಂಪನಿಗಳು ಸಮುದ್ರದ ಅಡಿಯಲ್ಲಿ ಅಗತ್ಯಕ್ಕೆ ಮೀರಿ ಗಾಜಿನೆಳೆಯ ಕೇಬಲ್ ಹಾಸಿದವು. ಅವುಗಳಲ್ಲಿ ಹಲವು ದಿವಾಳಿಯಾದವು, ಕೇಬಲ್ ಮಾತ್ರ ಉಳಿಯಿತು. ಸುದ್ದಿ ಕಳುಹಿಸುವ ವೆಚ್ಚ ಕುಸಿಯಿತು. ಬೆಂಗಳೂರಿನ ಇಂಜಿನಿಯರನೂ ಅಮೆರಿಕದ ಇಂಜಿನಿಯರನೂ ಒಂದೇ ನೆಲದ ಮೇಲೆ ನಿಂತರು. ಸ್ಥೂಲವಾಗಿ ಇದು ಅವರ ವಾದದ ಬೆನ್ನೆಲುಬು.

ಈ ವಾದದಲ್ಲಿ ಸತ್ಯಾಂಶವಿಲ್ಲವೆನ್ನಲಾಗದು. ಸುದ್ದಿ ಅಗ್ಗವಾದರೆ ಪೇಟೆಯ ನಡತೆ ಬದಲಾಗುವುದೆಂಬುದಕ್ಕೆ ರಾಬರ್ಟ್ ಜೆನ್ಸನ್ ಅವರು 2007ರಲ್ಲಿ ಪ್ರಕಟಿಸಿದ ಅಧ್ಯಯನವು ಉತ್ತಮ ನಿದರ್ಶನ. ಕಾಸರಗೋಡು, ಕಣ್ಣೂರು, ಕೋಳಿಕೋಡು ಜಿಲ್ಲೆಗಳ ಮೀನುಗಾರರು 1997ರಿಂದ 2001ರ ಅವಧಿಯಲ್ಲಿ ಮೊಬೈಲ್ ದೂರವಾಣಿಯನ್ನು ಕೈಗೆತ್ತಿಕೊಂಡುದರಿಂದ, ಮೊದಲು ಕೊಳ್ಳುವವರಿಲ್ಲದೆ ಶೇಕಡ 5ರಿಂದ 8ರಷ್ಟು ಹಾಳಾಗುತ್ತಿದ್ದ ಮೀನು ಹಾಳಾಗುವುದು ನಿಂತಿತು. ಮೀನುಗಾರರ ಲಾಭ ಶೇಕಡ 8ರಷ್ಟು ಏರಿತು, ಕೊಳ್ಳುವವರ ಬೆಲೆ ಶೇಕಡ 4ರಷ್ಟು ಇಳಿಯಿತು. ಆದರೆ ಅದೇ ಅಧ್ಯಯನದಲ್ಲಿ ಇನ್ನೊಂದು ಸಂಗತಿಯೂ ಇದೆ. ದೂರವಾಣಿಯ ಗೋಪುರಗಳು ಕರಾವಳಿಗೆ ಸಮೀಪದಲ್ಲಿದ್ದುದರಿಂದಲೇ ಅವುಗಳ ಸಂಕೇತ ಕಡಲಿನೊಳಕ್ಕೆ 20–25 ಕಿಲೋಮೀಟರುಗಳವರೆಗೆ ಮುಟ್ಟುತ್ತಿತ್ತು. ದೊಡ್ಡ ಊರುಗಳು ಕಡಲ ತಡಿಯಲ್ಲಿರದೆ ಹೋಗಿದ್ದಲ್ಲಿ ದೋಣಿಗಳಿಗಾಗಿಯೇ ಯಾವ ಕಂಪನಿಯೂ ಗೋಪುರ ನಿಲ್ಲಿಸುತ್ತಿರಲಿಲ್ಲವೆಂದು ನನ್ನ ಊಹೆ.

ಫ್ರೀಡ್‌ಮನ್ ಅವರ ಗ್ರಂಥದಲ್ಲಿ ನನಗೆ ಕಾಣುವ ಮುಖ್ಯ ದೋಷ ಇಲ್ಲಿಯೇ ಇದೆ. ಒಂದು ಮಾತನ್ನು ಕಳುಹಿಸುವ ವೆಚ್ಚ ಬೇರೆ. ಮಾತು ಕಳುಹಿಸುವವನ ಬಾಗಿಲವರೆಗೆ ತಂತಿಯನ್ನು ತರುವ ವೆಚ್ಚ ಬೇರೆ. ಮೊದಲನೆಯದು ಕುಸಿದ ಕಥೆಯನ್ನು ಅವರು ಸೊಗಸಾಗಿ ಹೇಳುತ್ತಾರೆ. ಎರಡನೆಯದನ್ನು ಯಾರು, ಯಾವ ಕಾಲದಲ್ಲಿ, ಯಾರಿಗಾಗಿ ಭರಿಸಿದರೆಂಬ ಪ್ರಶ್ನೆಗೆ ಅವರ ಕಥನದಲ್ಲಿ ಸಿಗಬೇಕಾದ ತೂಕ ಸಿಕ್ಕಿಲ್ಲ. ಚರಿತ್ರೆಯ ವಿದ್ಯಾರ್ಥಿಯಾದವನು ಕೇಳಬೇಕಾದ ಪ್ರಶ್ನೆ ಅದು.

ಬೆಂಗಳೂರಿನ ಉತ್ತರವು ಕುತೂಹಲಕರವಾದುದು. 1898ರ ಪ್ಲೇಗಿನ ಕಾಲದಲ್ಲಿ, ರೋಗನಿವಾರಣೆಯ ಕೆಲಸಗಳನ್ನು ಒಂದುಗೂಡಿಸಲು ಈ ನಗರದಲ್ಲಿ ದೂರವಾಣಿಯ ತಂತಿಗಳನ್ನು ಎಳೆಯಲಾಯಿತು. ಮಲ್ಲೇಶ್ವರ ಬಸವನಗುಡಿಗಳು ಬಡಾವಣೆಗಳಾಗಿ ಬೆಳೆದುದೂ ಅದೇ ವಿಪತ್ತಿನ ಫಲವಾಗಿ. ಸ್ವಾತಂತ್ರ್ಯಾನಂತರ 1948ರಲ್ಲಿ ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್ ಇಲ್ಲಿ ಸ್ಥಾಪಿತವಾಗಿ, ದೂರವಾಣಿನಗರವೆಂಬ ಊರೇ ಹುಟ್ಟಿತು. ದೇಶಕ್ಕೆಲ್ಲ ದೂರವಾಣಿ ತಯಾರಿಸಿಕೊಟ್ಟ ನಗರದಲ್ಲಿಯೇ ಗೃಹಸ್ಥನು ಅರ್ಜಿ ಹಾಕಿ ವರ್ಷಗಟ್ಟಲೆ ಕಾಯಬೇಕಾಗಿತ್ತು. (ಠೇವಣಿ ಕಟ್ಟಿದವರಿಗೆ ಆದ್ಯತೆಯಿತ್ತು, ಕಾಯುವುದಕ್ಕೂ ಒಂದು ಬೆಲೆಯಿತ್ತೆಂದಾಯಿತು.) ಇಂಥ ಅಭಾವದ ನಡುವೆ 1985ರಲ್ಲಿ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಕಂಪನಿಯು ಮಿಲ್ಲರ್ಸ್ ರಸ್ತೆಯಲ್ಲಿ ನೆಲೆಯೂರಿ, ಸರ್ಕಾರದ ಅನುಮತಿಯೊಡನೆ ಉಪಗ್ರಹದ ಮೂಲಕ ಹೊರದೇಶದ ತನ್ನ ಕಚೇರಿಗಳೊಡನೆ ನೇರ ಸಂಪರ್ಕ ಪಡೆಯಿತು. ಅಲ್ಲಿಂದ ಮಲ್ಲೇಶ್ವರದ ಸಂಪಿಗೆ ರಸ್ತೆಗೆ ಕೆಲವೇ ಮೈಲಿ. ಒಂದು ಕಡೆಯ ಮಾತು ಸಮುದ್ರ ದಾಟುತ್ತಿರಲು, ಇನ್ನೊಂದು ಕಡೆಯದು ಟ್ರಂಕ್ ಕರೆಯ ಸರದಿಯಲ್ಲಿ ನಿಂತಿತ್ತು. 1991ರಲ್ಲಿ ಸಾಫ್ಟ್‌ವೇರ್ ಟೆಕ್ನಾಲಜಿ ಪಾರ್ಕ್ಸ್ ಆಫ್ ಇಂಡಿಯಾ ಎಂಬ ಸರ್ಕಾರಿ ಸಂಸ್ಥೆ ಏರ್ಪಟ್ಟು ಉಪಗ್ರಹದ ಕೊಂಡಿಯನ್ನು ಹಲವರಿಗೆ ಹಂಚಿದ ಮೇಲೆಯೇ, ಸ್ವಂತ ಕೊಂಡಿಯ ವೆಚ್ಚ ಹೊರಲಾರದ ಸಣ್ಣ ಕಂಪನಿಗಳಿಗೆ ಅದು ಎಟುಕಿತು. ಇವೆಲ್ಲವೂ ಸಮುದ್ರದ ಕೇಬಲಿನ ಉಬ್ಬರಕ್ಕಿಂತ ಹಿಂದಿನವು. ಬಯಲು ಮಟ್ಟವಾಗುವ ಮೊದಲು ಒಂದೆರಡು ದಿಬ್ಬಗಳನ್ನು ಸರ್ಕಾರವೇ ಎಬ್ಬಿಸಿತ್ತು.

ಸಂಪಿಗೆ ರಸ್ತೆಯಂಥ ಪೇಟೆಬೀದಿಗೆ ಈ ವಿದ್ಯೆ ಬಂದುದು ಬೇರೆಯೇ ದಾರಿಯಿಂದ. 1980ರ ದಶಕದ ಕೊನೆಯಿಂದ ದೇಶದಾದ್ಯಂತ ಹರಡಿದ ಎಸ್.ಟಿ.ಡಿ. ಬೂತುಗಳನ್ನು ನಮ್ಮ ಅರ್ಥಶಾಸ್ತ್ರಜ್ಞರು ಇನ್ನೂ ತಕ್ಕಷ್ಟು ಗಮನಿಸಿಲ್ಲವೆಂದು ನನ್ನ ಭಾವನೆ. ಮನೆಯೊಳಗಿನ ದೂರವಾಣಿ ದಿನದ ಬಹುಭಾಗ ಮೂಕವಾಗಿರುತ್ತದೆ. ಅದೇ ತಂತಿಯನ್ನು ಅಂಗಡಿಯ ಮುಂಗಟ್ಟಿಗೆ ತಂದರೆ ಬೆಳಗಿನಿಂದ ರಾತ್ರಿಯವರೆಗೆ ದುಡಿಯುತ್ತದೆ, ಅದರ ಸ್ಥಿರವೆಚ್ಚ ನೂರಾರು ಕರೆಗಳ ಮೇಲೆ ಹರಡಿಹೋಗುತ್ತದೆ. ಕರೆ ಮಾಡುವವನು ಠೇವಣಿ ಕಟ್ಟಬೇಕಿಲ್ಲ, ಕಾಯಬೇಕಿಲ್ಲ; ಮೀಟರು ತೋರಿಸಿದಷ್ಟು ಕೊಟ್ಟರಾಯಿತು. ಬೂತಿನವನಿಗೆ ಕರೆಯ ಹಣದಲ್ಲಿ ಒಂದು ಪಾಲು. ಈ ಪರವಾನಗಿಗಳನ್ನು ಕೊಡುವಾಗ ಅಂಗವಿಕಲರಿಗೆ ಆದ್ಯತೆಯೂ ಇತ್ತು. ರಾತ್ರಿ ದರ ಇಳಿದ ಮೇಲೆ ಹಳದಿ ಫಲಕದ ಕೆಳಗೆ ಜನ ಸಾಲುಗಟ್ಟುತ್ತಿದ್ದರು. ತಂತಿಯ ಒಡೆತನವನ್ನು ಹಂಚದೆ ಬಳಕೆಯನ್ನು ಹಂಚಿದ ಈ ಏರ್ಪಾಡು ಮಧ್ಯಮವರ್ಗಕ್ಕೂ ಕೂಲಿಯವನಿಗೂ ಒಂದೇ ದರದಲ್ಲಿ ಒದಗಿತು. ‘ಸಮತಲ’ವೆಂಬ ಮಾತಿಗೆ ನಮ್ಮ ನಗರದಲ್ಲಿ ಅರ್ಥವಿದ್ದುದಾದರೆ ಅದು ಇಲ್ಲಿ. ಮೊಬೈಲ್ ಕರೆ ಅಗ್ಗವಾಗಿ, 2003ರಿಂದ ಬರುವ ಕರೆಗೆ ಹಣ ತೆರುವುದು ತಪ್ಪಿದ ಮೇಲೆ ಬೂತುಗಳು ಮರೆಯಾಗತೊಡಗಿದವು.

ಗ್ರಂಥಕರ್ತರಿಗೆ ನ್ಯಾಯ ಸಲ್ಲಬೇಕಾದರೆ ಒಂದು ಮಾತನ್ನು ಸೇರಿಸಬೇಕು. ಜಗತ್ತಿನ ಬಹುಭಾಗ ಇನ್ನೂ ಸಮತಲವಾಗಿಲ್ಲವೆಂದು ಅವರೇ ಒಂದು ಅಧ್ಯಾಯದಲ್ಲಿ ಒಪ್ಪಿರುತ್ತಾರೆ. ಆದರೆ ಅಲ್ಲಿ ಹೊರಗುಳಿದವರು ಹೆಚ್ಚಾಗಿ ಇನ್ನೂ ತಲುಪಬೇಕಾದವರು. ತಲುಪಿದವನು ಮತ್ತೆ ಹಿಂದೆ ಸರಿದಾನೆಂಬ ಸಾಧ್ಯತೆಗೆ ಆ ಚೌಕಟ್ಟಿನಲ್ಲಿ ಎಡೆಯಿಲ್ಲ. 2025ರ ಜುಲೈನಲ್ಲಿ ಬೆಂಗಳೂರಿನಲ್ಲಿ ನಡೆದುದು ಅಂಥದೇ. ಯು.ಪಿ.ಐ. ಪಾವತಿಗೆ ವರ್ತಕನು ಶುಲ್ಕ ತೆರಬೇಕಿಲ್ಲವೆಂದು 2020ರ ಜನವರಿಯಿಂದ ನಿಯಮವಾಗಿತ್ತು. ಹೂವಿನವರೂ ತರಕಾರಿಯವರೂ ಕ್ಯೂಆರ್ ಸಂಕೇತದ ಹಾಳೆಯನ್ನು ತೂಗುಹಾಕಿದರು. ವಾಣಿಜ್ಯ ತೆರಿಗೆ ಇಲಾಖೆಯು ಆ ಪಾವತಿಗಳ ದಾಖಲೆಯನ್ನು ಆಧರಿಸಿ ಸಣ್ಣ ವರ್ತಕರಿಗೆ ನೋಟೀಸು ಕಳುಹಿಸಿದಾಗ, ಅನೇಕರು ಆ ಹಾಳೆಯನ್ನು ತೆಗೆದು, ನಗದು ಮಾತ್ರವೆಂದು ಬರೆದು ಹಾಕಿದರು. ಮಿತಿ ಮೀರಿ ವ್ಯಾಪಾರ ಮಾಡಿದವನು ತೆರಿಗೆ ಕೊಡಬೇಕೆಂಬುದು ನ್ಯಾಯವೇ; ಅದು ಇಲ್ಲಿ ಚರ್ಚೆಯ ವಿಷಯವಲ್ಲ. ಹಣವಾಗಿ ಏನನ್ನೂ ತೆರದ ವರ್ತಕನು ತನ್ನ ವ್ಯವಹಾರದ ದಾಖಲೆಯನ್ನು ತೆತ್ತಿದ್ದನೆಂಬುದಷ್ಟೇ ಗಮನಾರ್ಹ. ಎಸ್.ಟಿ.ಡಿ. ಬೂತಿನ ಗಿರಾಕಿ ಚೀಟಿಯನ್ನು ಹರಿದೆಸೆದು ಹೋಗಬಹುದಾಗಿತ್ತು.

ಫ್ರೀಡ್‌ಮನ್ ಅವರ ಗ್ರಂಥವನ್ನು ತರಗತಿಯಿಂದ ಹೊರಗಿಡಬೇಕೆಂದು ನಾನು ಹೇಳುವುದಿಲ್ಲ. ಜೆನ್ಸನ್ ಅವರ ಲೇಖನವನ್ನು ಅದರೊಡನೆ ಇಟ್ಟು ಓದಿಸುವುದು ಮೇಲು. ಸ್ನಾತಕೋತ್ತರ ವಿದ್ಯಾರ್ಥಿಗಳು ಮಾಡಬಹುದಾದ ಕೆಲಸವೂ ಒಂದಿದೆ. ಮಲ್ಲೇಶ್ವರ, ಚಾಮರಾಜಪೇಟೆಗಳಲ್ಲಿ ಬೂತು ನಡೆಸಿದವರು ಇನ್ನೂ ನಮ್ಮ ನಡುವೆ ಇದ್ದಾರೆ. ಅವರ ಪರವಾನಗಿ ಪತ್ರ, ಲೆಕ್ಕದ ಪುಸ್ತಕ, ಮೀಟರಿನ ಚೀಟಿಗಳು ರದ್ದಿಗೆ ಹೋಗುವ ಮೊದಲೇ ಅವನ್ನು ಸಂಗ್ರಹಿಸತಕ್ಕದ್ದು.